ಯಾವುದರಂತೆಯೂ ಇಲ್ಲದ ನೆಲ

ವಾಡಿಯಲ್ಲಿ ಯಾರ ಮನೆಗಾದರೂ ಹೋಗಿ, ನೆಲಕ್ಕೆ ಈ ಫರಸಿ ಕಲ್ಲು ಹಾಸಿದವರು ಯಾರು ಎಂದು ಕೇಳಿ. ಹತ್ತರಲ್ಲಿ ಆರು ಮನೆಯವರು ಭಾಗಣ್ಣ ಮೇಸ್ತ್ರಿಯ ಹೆಸರು ಹೇಳುತ್ತಾರೆ. ಅದು ಶುದ್ಧ ಸುಳ್ಳು. ಭಾಗಣ್ಣನ ಬಲಗೈ ನಡುಗಲು ಶುರುವಾಗಿ ಹದಿನೈದು ವರ್ಷವಾಯಿತು. ಆತ ಬಾಗಿಲಲ್ಲಿ ಕುರ್ಚಿ ಹಾಕಿಕೊಂಡು, ಬೀಡಿ ಸೇದುತ್ತ, ಮನೆಯ ಯಜಮಾನನ ಜೊತೆ ಹರಟೆ ಹೊಡೆಯುತ್ತಿದ್ದ. ಒಳಗೆ ಮಂಡಿಯೂರಿ ಕಲ್ಲು ಕೂರಿಸುತ್ತಿದ್ದವಳು ಪೀರಮ್ಮ. ಗೃಹಪ್ರವೇಶದ ದಿನ ಶಾಲು ಭಾಗಣ್ಣನ ಹೆಗಲಿಗೆ ಬೀಳುತ್ತಿತ್ತು, ನೆಲ ಒರೆಸುವ ಬಟ್ಟೆ ಪೀರಮ್ಮನ ಕೈಗೆ. ಅವಳು ಒರೆಸಿ ಬರುತ್ತಿದ್ದಳು. ಆದರೆ ಮುಖ ಗಂಟಿಕ್ಕಿಕೊಂಡೇ ಒರೆಸುತ್ತಿದ್ದಳು ಎನ್ನುವುದನ್ನೂ ಹೇಳಬೇಕು.

ಅವಳಿಗೆ ಈಗ ಐವತ್ತೆರಡು. ಹುಟ್ಟಿದ್ದು ಚಿಂಚೋಳಿ ಕಡೆಯ ಐನಾಪುರದಲ್ಲಿ. ಹದಿನೇಳಕ್ಕೆ ಮದುವೆಯಾಗಿ ವಾಡಿಗೆ ಬಂದಳು. ಗಂಡ ಗೂಡ್ಸ್ ಶೆಡ್ಡಿನಲ್ಲಿ ಸಿಮೆಂಟು ಚೀಲ ಹೊರುತ್ತಿದ್ದ. ಎಂಟು ವರ್ಷ ಬಾಳಿ, ಒಂದು ವಾರದ ಜ್ವರದಲ್ಲಿ ಹೋಗಿಬಿಟ್ಟ. ಅವನ ದಿನಕರ್ಮ ಮುಗಿದ ಮರುದಿನವೇ ಪೀರಮ್ಮ ಶಹಾಬಾದಿನ ಒಂದು ಪಾಲಿಶ್ ಯಾರ್ಡಿನಲ್ಲಿ ಕಲ್ಲು ಹೊರಲು ನಿಂತಳು. ತಲೆಯ ಮೇಲೆ ಸಿಂಬಿ, ಸಿಂಬಿಯ ಮೇಲೆ ಎರಡಡಿ ಚೌಕದ ಕಲ್ಲು. ಉಳಿದವರು ಹೊತ್ತು, ಇಳಿಸಿ, ಸೊಂಟ ಹಿಡಿದುಕೊಂಡು ಮನೆಗೆ ಹೋಗುತ್ತಿದ್ದರು. ಇವಳು ಇಳಿಸಿದ ಕಲ್ಲನ್ನು ತಿರುಗಿ ನೋಡುತ್ತಿದ್ದಳು. ಬೂದು ಬಣ್ಣ ಅಂತ ಎಲ್ಲರೂ ಕರೆಯುವ ಆ ಕಲ್ಲಿನಲ್ಲಿ ಎಷ್ಟು ಬೂದುಗಳಿವೆ ಎಂದು ಯಾರಿಗೂ ಹೇಳದೆ ತನ್ನೊಳಗೇ ಎಣಿಸುತ್ತಿದ್ದಳು. ಕಲ್ಲು ಕೊಳ್ಳಲು ಅಲ್ಲಿಗೆ ಬರುತ್ತಿದ್ದ ಭಾಗಣ್ಣ ಅವಳನ್ನು ತನ್ನ ಕೆಲಸಕ್ಕೆ ಕರೆದುಕೊಂಡ.

ಕಲ್ಲನ್ನು ಅವಳು ಮೊದಲು ಕಿವಿಯಿಂದ ಪರೀಕ್ಷಿಸುತ್ತಾಳೆ. ಸುತ್ತಿಗೆಯ ಹಿಡಿಯಿಂದ ಒಂದು ತಟ್ಟು. ಠಣ್ ಎಂದರೆ ಸರಿ, ಮಂದ ಸಪ್ಪಳ ಬಂದರೆ ಒಳಗೆಲ್ಲೋ ಸೀಳಿದೆ ಎಂದರ್ಥ. ಆಮೇಲೆ ಒಣಹಾಸು. ಅಂದರೆ ಗಾರೆ ಕಲಸುವ ಮೊದಲು ಇಡೀ ನೆಲವನ್ನು ಮುರುಮಿನ ಗರಸು ಮಣ್ಣಿನ ಮೇಲೆ ಹಾಗೇ ಜೋಡಿಸಿ, ಬರಿಗಾಲಲ್ಲಿ ಅದರ ಮೇಲೆ ನಡೆದಾಡುವುದು. ಕಣ್ಣಿಗೆ ಚೆಂದ ಕಂಡರೂ ಕಾಲಿಗೆ ಒಗ್ಗದ ಕಲ್ಲನ್ನು ಎತ್ತಿ ಆಚೆ ಇಡುತ್ತಾಳೆ. ಒಪ್ಪಿಗೆಯಾದ ಮೇಲೆ ಪ್ರತಿ ಕಲ್ಲಿನ ಬೆನ್ನಿಗೂ ಸೀಮೆಸುಣ್ಣದಿಂದ ನಂಬರು ಬರೆದು, ಎತ್ತಿ, ಗಾರೆ ಹಾಕಿ ಮತ್ತೆ ಕೂರಿಸುತ್ತಾಳೆ. ಒಂದು ಕೆಲಸವನ್ನು ಎರಡು ಸಲ ಮಾಡುವ ಇವಳಿಗೆ ತಲೆ ಕೆಟ್ಟಿದೆ ಎಂದು ಬೇರೆ ಮೇಸ್ತ್ರಿಗಳು ನಗುತ್ತಾರೆ. ನಗಲಿ. ಅವರು ಹಾಸಿದ ನೆಲದ ಮೇಲೆ ತಂಬಿಗೆ ಇಟ್ಟರೆ ಅಲ್ಲಾಡುತ್ತದೆ.

ರೈಲ್ವೆ ಗೇಟಿನ ಆಚೆಯ ಓಣಿಯವರು ಒಂಬತ್ತು ವರ್ಷ ಒದ್ದಾಡಿ ಒಂದು ಬುದ್ಧ ವಿಹಾರ ಕಟ್ಟಿದರು. ಗೋಡೆ, ಮೇಲ್ಛಾವಣಿ ಎಲ್ಲ ಮುಗಿದು ನೆಲವೊಂದು ಉಳಿದಿತ್ತು. ಕಮಿಟಿಯ ಅಧ್ಯಕ್ಷ ಧರ್ಮಣ್ಣ, ರೈಲ್ವೆಯಲ್ಲಿ ಪಾಯಿಂಟ್ಸ್‌ಮನ್ ಆಗಿ ನಿವೃತ್ತನಾದವ, ಭಾಗಣ್ಣನನ್ನು ಕರೆಸಿದ. ಭಾನುವಾರದ ವಂದನೆ ಮುಗಿದಿತ್ತು, ಓಣಿಯ ಮಂದಿ ಇನ್ನೂ ಕೂತಿದ್ದರು. ಭಾಗಣ್ಣ ಎದ್ದು ನಿಂತು, ನಡುಗುವ ಕೈಯನ್ನು ಎಲ್ಲರಿಗೂ ಕಾಣುವಂತೆ ಮುಂದೆ ಚಾಚಿದ.

"ಈಗ ಇಲ್ಲೇ ಕುಂತು ಪಂಚಶೀಲ ಹೇಳಿ ಎದ್ದೀನಿ, ಇಲ್ಲೇ ಸುಳ್ಳು ಹೇಳಂಗಿಲ್ಲ. ಹದಿನೈದು ವರ್ಷದಾಗ ನಾ ಒಂದು ಕಲ್ಲೂ ಕುಂದ್ರಿಸಿಲ್ಲ. ಕುಂದ್ರಿಸಿದಾಕಿ ಪೀರಮ್ಮ. ನೆಲ ಬೇಕಂದ್ರ ಅಕಿನ್ನ ಕೇಳ್ರಿ."

ಗುಸುಗುಸು ಎದ್ದಿತು. ಹೆಣ್ಣುಮಗಳು ಮೇಸ್ತ್ರಿಯೇ ಎಂದು ಒಬ್ಬಿಬ್ಬರು ಮೂಗೆಳೆದರು. ಆದರೆ ಅವರ ಮನೆಗಳಲ್ಲಿ ಅವರ ಕಾಲು ಹದಿನೈದು ವರ್ಷದಿಂದ ಇವಳ ಕೆಲಸದ ಮೇಲೆಯೇ ನಿಂತಿತ್ತಲ್ಲ, ಬಾಯಿ ಮುಚ್ಚಿಕೊಂಡರು. ಹೀಗೆ ಇಪ್ಪತ್ತೇಳು ವರ್ಷದ ದುಡಿಮೆಯಲ್ಲಿ ಮೊದಲ ಸಲ ಒಂದು ನೆಲ ಪೀರಮ್ಮನದು ಎಂದಾಯಿತು. ಅವಳಿಗೆ ಶಾಲು ಬೇಕಿರಲಿಲ್ಲ, ಹೆಸರು ಕೆತ್ತಿಸುವುದೂ ಬೇಕಿರಲಿಲ್ಲ. ತಾನು ಹಾಸಿದ್ದು ತಾನು ಹಾಸಿದಂತೆಯೇ ಉಳಿಯಬೇಕು, ಅಷ್ಟೇ ಆಸೆ.

ಮೂವತ್ತಡಿ ಉದ್ದ, ಇಪ್ಪತ್ತಡಿ ಅಗಲದ ಹಾಲು. ಪೀರಮ್ಮ ಹತ್ತೊಂಬತ್ತು ದಿನ ಅದರೊಳಗೇ ಒಣಹಾಸು ಜೋಡಿಸುತ್ತ ಇದ್ದಳು. ಶಹಾಬಾದಿನ ನೀಲಿಬೂದು ಕಲ್ಲು, ಹಸಿರುಬೂದು ಕಲ್ಲು, ತಾಂಡೂರಿನ ಹಳದಿ. ಬಾಗಿಲಿನಿಂದ ಒಂದು ಹಳದಿ ಪಟ್ಟೆ ಹೊರಟು, ಸ್ವಲ್ಪ ದೂರ ಹೋಗಿ ಬಾಗಿ, ನಡುವೆ ಅಗಲವಾಗಿ, ಒಡೆದು, ಬೂದಿನಲ್ಲಿ ಕರಗಿ, ಬುದ್ಧನ ಮೂರ್ತಿಯ ಕಟ್ಟೆಯ ಹತ್ತಿರ ಮತ್ತೆ ಒಂದೆರಡು ಕಡೆ ಇಣುಕುತ್ತಿತ್ತು. ಕಲ್ಲುಗಳೂ ಒಂದೇ ಅಳತೆಯವಲ್ಲ. ಯಾಕೆ ಹೀಗೆ ಎಂದರೆ ಅವಳ ಹತ್ತಿರ ಉತ್ತರವಿರಲಿಲ್ಲ. ಒಂದು ಕಲ್ಲಿನ ಪಕ್ಕ ಯಾವುದು ಸಲ್ಲುತ್ತದೆ, ಯಾವುದು ಸಲ್ಲುವುದಿಲ್ಲ ಎಂದು ಅವಳಿಗೆ ಗೊತ್ತಾಗುತ್ತಿತ್ತು. ಗೊತ್ತಾಗುವವರೆಗೆ ಕಾಯುತ್ತಿದ್ದಳು. ಕೊನೆಯ ದಿನ ಚಪ್ಪಲಿ ಬಿಟ್ಟು ಬಾಗಿಲಿನಿಂದ ಕಟ್ಟೆಯವರೆಗೆ ನಡೆದಾಗ ಅವಳಿಗೆ ಅಳು ಬಂತು. ಸಂತೋಷಕ್ಕೆ ಬಂದ ಅಳು.

ಮರುದಿನ ಕಮಿಟಿಯವರು ನೋಡಲು ಬಂದರು.

"ಇದೇನು, ಕಾಗಿಣಾ ಹೊಳಿನಾ?" ಎಂದ ಒಬ್ಬ.

"ಹೊಳಿ ಅಲ್ಲೋ, ಹಾವು ಇದ್ದಂಗ ಅದ," ಎಂದ ಇನ್ನೊಬ್ಬ.

ಧರ್ಮಣ್ಣ ಕಣ್ಣು ಕಿರಿದು ಮಾಡಿ ನೋಡಿದ. ಮೂವತ್ತು ವರ್ಷ ಹಳಿ ಬದಲಾಯಿಸಿದ ಮನುಷ್ಯ, ಅವನಿಗೆ ಇನ್ನೇನು ಕಾಣಬೇಕು? "ವಾಡಿ ಜಂಕ್ಷನ್ ಹಾಕೀಯೇನು ಪೀರಮ್ಮ? ರಾಯಚೂರ ಲೈನು, ಸೊಲ್ಲಾಪುರ ಲೈನು?"

"ಏನೂ ಅಲ್ಲ ಕಾಕಾ. ಕಲ್ಲು," ಎಂದಳು ಪೀರಮ್ಮ.

"ಕಲ್ಲು ನನಗೂ ಕಾಣಸ್ತದ. ಏನಿದ್ದಂಗ ಅದ ಅಂತ ಕೇಳಾಕತ್ತೀನಿ."

"ಯಾವುದರಂಗೂ ಇಲ್ಲ. ನಿಮ್ಮ ಮನ್ಯಾಗ ಚಿಗವ್ವ ಚೌಕಡಿ ಸೀರಿ ಉಡ್ತಾಳಲ್ಲ, ಆ ಚೌಕಡಿ ಏನಿದ್ದಂಗ ಅದ ಅಂತ ಒಂದು ದಿನನರೆ ಕೇಳೀರೇನು? ಹಲಗಿ ಬಡಿದ್ರ ಎದಿ ಝಲ್ ಅಂತದ. ಆ ಸಪ್ಪಳ ಯಾವುದರ ಚಿತ್ರ?"

ಧರ್ಮಣ್ಣನ ಮುಖ ಕೆಂಪಾಯಿತು. "ಹಲಗಿ ಮಾತು ಇಲ್ಲಿ ತಗೀಬ್ಯಾಡ."

ಅವನ ಸಿಟ್ಟಿಗೆ ಕಾರಣವಿತ್ತು. ಊರ ಮುಂದೆ ಹಲಗೆ ಬಡಿಯುವ ಚಾಕರಿ ಒಲ್ಲೆ ಎಂದದ್ದಕ್ಕೆ ಅವನಪ್ಪ ಏಟು ತಿಂದು, ಹುಟ್ಟಿದ ಊರು ಬಿಟ್ಟು ವಾಡಿಗೆ ಬಂದವನು. ಪೀರಮ್ಮ ತುಟಿ ಕಚ್ಚಿಕೊಂಡಳು. ಧರ್ಮಣ್ಣ ದನಿ ತಗ್ಗಿಸಿ ಹೇಳಿದ:

"ನೋಡವ್ವಾ, ನಮಗ ಗುರುತು ಬೇಕು. ಬಾಗಿಲಾಗ ನಿಂತಾಂವಗ ಇದು ಯಾರ ಜಾಗ ಅಂತ ತಿಳೀಬೇಕು. ಗ್ವಾಡಿ ಮ್ಯಾಲ ಒಂದು ಫೋಟೊ ಹಾಕಿದ್ದಕ್ಕ ನಮ್ಮ ಮಂದಿ ತಲಿ ಒಡಿಸಿಕೊಂಡಾರ. ಈಗ ನಮ್ಮ ಜಾಗದಾಗ ನಮ್ಮ ಗುರುತು ಹಾಕೋ ದಿನ ಬಂದದ. ನೀ ನೋಡಿದ್ರ ಏನೂ ಅಲ್ಲ ಅಂತಿ."

ಧರ್ಮಣ್ಣ ಹೇಳಿದ್ದು ಖರೆ ಎಂದು ಅವಳಿಗೂ ಗೊತ್ತಿತ್ತು. ಖರೆಯಾದ ಮಾತೇ ತನ್ನ ನೆಲವನ್ನು ಕೀಳಿಸಲು ಬಂದರೆ ಮನುಷ್ಯ ಯಾರ ಮೇಲೆ ಸಿಟ್ಟು ಮಾಡಬೇಕು? ಅವಳು ಮನೆಗೆ ಹೋಗಿ ಪಾತ್ರೆಗಳ ಮೇಲೆ ಮಾಡಿದಳು. ತಿಕ್ಕುತ್ತ ಕೂತಾಗ ಹೊಳೆಯಿತು: ಕಾಕಾ ಹೇಳಿದ್ದೆಲ್ಲ ಗೋಡೆಯ ಮಾತು. ಗೋಡೆಯನ್ನು ಜನ ನೋಡುತ್ತಾರೆ. ನೆಲದ ಮೇಲೆ ಕಾಲಿಡುತ್ತಾರೆ.

ಎರಡು ದಿನ ಬಿಟ್ಟು ಕಮಿಟಿಯವರು ಚಿತ್ತಾಪುರದ ಹೈಸ್ಕೂಲಿನ ಡ್ರಾಯಿಂಗ್ ಮಾಸ್ತರ ಸುರೇಶಕುಮಾರನನ್ನು ಕರೆತಂದರು. ನಲವತ್ತರ ಆಸುಪಾಸಿನ ಮನುಷ್ಯ, ಅಂಗಿಯ ಜೇಬಿನಲ್ಲಿ ಮೂರು ಪೆನ್ಸಿಲು. ಸುತ್ತಮುತ್ತಲ ಶಾಲೆಗಳ ಗೋಡೆಯ ಮೇಲಿನ ಮಹಾಪುರುಷರ ಮುಖಗಳೆಲ್ಲ ಅವನ ಕೈಯವು. ಅವನು ಹನ್ನೆರಡು ಅಡಿ ಅಗಲದ ಧಮ್ಮಚಕ್ರದ ನಕ್ಷೆ ತಂದಿದ್ದ. ಮೊದಲು ಕಮಲ ಎಂದುಕೊಂಡಿದ್ದರಂತೆ. ಎಲೆಕ್ಷನ್ನಿನಲ್ಲಿ ಯಾರಾದರೂ ತಮ್ಮ ಪಾರ್ಟಿಯ ಗುರುತು ಎಂದುಕೊಂಡಾರು ಎಂದು ಬಿಟ್ಟರಂತೆ. ಹಾಲಿನ ನಟ್ಟನಡುವೆ ಹಳದಿಯ ಮೇಲೆ ನೀಲಿ ಚಕ್ರ, ನಡುವಿನಿಂದ ಅಂಚಿಗೆ ಇಪ್ಪತ್ತನಾಲ್ಕು ಅರೆಕಾಲು.

ಮಾಸ್ತರ ಬಾಗಿಲಲ್ಲಿ ನಿಂತು ಪೀರಮ್ಮನ ಒಣಹಾಸನ್ನು ನೋಡಿದ. ಬಹಳ ಹೊತ್ತು ನೋಡಿದ. ಆಮೇಲೆ ಗಂಟಲು ಸರಿಮಾಡಿಕೊಂಡು ಪಾಠ ಶುರು ಮಾಡಿದ.

"ಚಿತ್ರದಾಗ ಎರಡು ಜಾತಿ ಅವ ನೋಡ್ರಿ."

"ಅಲ್ಲೂ ಜಾತಿ ತಂದ್ರೇನ್ರಿ ಮಾಸ್ತರ್ರೇ?" ಎಂದಳು ಪೀರಮ್ಮ. ಕಮಿಟಿಯವರೂ ನಕ್ಕರು.

"ತಪ್ಪಾತು, ಎರಡು ದಾರಿ ಅನ್ರಿ. ಒಂದು, ಇದ್ದದ್ದನ್ನ ಇದ್ದಂಗ ತೋರಸೋದು. ಮಾವಿನ ಹಣ್ಣು ಬರದ್ರ ಮಾವಿನ ಹಣ್ಣೇ ಕಾಣಬೇಕು. ಇನ್ನೊಂದಕ್ಕ ಅಮೂರ್ತ ಅಂತಾರ. ಅದು ಯಾವುದನ್ನೂ ತೋರಸಂಗಿಲ್ಲ. ಬಣ್ಣ, ಗೆರಿ, ಅವುಗಳ ನಡುವಿನ ಜಾಗ, ಇಷ್ಟೇ. ಅದನ್ನ ನೋಡಿ ಇದೇನು ಅಂತ ಕೇಳಬಾರದು. ನನಗೇನಾಗಾಕತ್ತದ ಅಂತ ಕೇಳಕೋಬೇಕು. ಕಾಲೇಜಿನ್ಯಾಗ ನಾನೂ ಅಂಥಾವು ಮಾಡ್ತಿದ್ದೆ."

"ಈಗ ಯಾಕ ಬಿಟ್ರಿ?"

ಮಾಸ್ತರ ಜೇಬಿನ ಪೆನ್ಸಿಲು ಸರಿಮಾಡಿಕೊಂಡ. "ಯಾರೂ ಕೇಳಂಗಿಲ್ಲಲ್ಲ," ಎಂದ.

ಪೀರಮ್ಮ ಧರ್ಮಣ್ಣನ ಕಡೆ ತಿರುಗಿದಳು. "ಕಾಕಾ, ನಿಮ್ಮ ಮಾತು ಖರೆ ಅದ. ಚಕ್ರ ಬೇಕು. ಗ್ವಾಡಿ ಮ್ಯಾಲ ಹಾಕಮು. ನಾನೇ ಕಲ್ಲಾಗ ಕೊರದು ಕೊಡ್ತೀನಿ. ಇದು ನೆಲ. ಚಕ್ರದ ಮ್ಯಾಲ ಕಾಲಿಡೋರು ಯಾರು?"

"ಅದು ಬರೀ ಡಿಸೈನ್ ಅವ್ವಾ. ಡಿಸೈನಿಗೆ ಯಾರು ಏನು ಅನಕೋತಾರ?"

"ಮಂದಿಗೆ ಡಿಸೈನ್ ಕಾಣಂಗಿಲ್ಲ, ಚಕ್ರ ಕಾಣಸ್ತದ."

"ಕಾಣಲಿ ಅಂತೇ ಹಾಕೋದು," ಎಂದು ಧರ್ಮಣ್ಣ ಮಾತು ಮುರಿದ. ಚಕ್ರ ಹಾಕುವುದಾದರೆ ಹಾಕಲಿ, ಇಲ್ಲದಿದ್ದರೆ ಕಲಬುರಗಿಯಿಂದ ಟೈಲ್ಸ್‌ನವರನ್ನು ಕರೆಸುತ್ತೇವೆ, ಎರಡು ದಿನದಲ್ಲಿ ಬಿಳಿ ಟೈಲ್ಸ್ ಹಾಕಿ ಹೋಗುತ್ತಾರೆ ಎಂದ.

ಪೀರಮ್ಮ ಸುತ್ತಿಗೆಯನ್ನು ಸೆರಗಿನಿಂದ ಒರೆಸಿದಳು. ಅಳುವವಳ ಹಾಗೆ ಕಂಡಳು, ಅಳಲಿಲ್ಲ. "ಹಾಕ್ತೀನಿ. ಆದ್ರ ಒಂದು ಮಾತು. ಗಾರೆ ಹಾಕಂಗಿಲ್ಲ. ಒಣಾ ಹಾಕ್ತೀನಿ. ಒಂದು ಐತವಾರ ಅದರ ಮ್ಯಾಲ ವಂದನಾ ಆಗ್ಲಿ, ಇಡೀ ಓಣಿ ಬರಲಿ. ಆಮ್ಯಾಲೂ ನೀವು ಬೇಕಂದ್ರ ನಾ ಬಾಯಿ ಮುಚಗೊಂಡು ಗಾರೆ ಕಲಸ್ತೀನಿ."

ಧರ್ಮಣ್ಣ ಒಪ್ಪಿದ. ಗೆದ್ದೆ ಎಂದುಕೊಂಡಿದ್ದ.

ಇನ್ನೊಬ್ಬರಾಗಿದ್ದರೆ ಬೇಕೆಂದೇ ಚಕ್ರವನ್ನು ಸೊಟ್ಟಗೆ ಮಾಡುತ್ತಿದ್ದರು. ಪೀರಮ್ಮನ ಹಟ ಬೇರೆ ಜಾತಿಯದು. ನಡುವಿನ ಐವತ್ತೆರಡು ಕಲ್ಲುಗಳಿಗೆ ನಂಬರು ಬರೆದು ಎತ್ತಿ, ಪಡಸಾಲೆಯಲ್ಲಿ ಸಾಲಾಗಿ ಗೋಡೆಗೆ ಆನಿಸಿಟ್ಟಳು. ಹನ್ನೊಂದು ದಿನ ಕಟ್ಟರ್ ಮಶೀನಿನ ಮುಂದೆ ಕೂತು, ಮೂಗಿಗೆ ಸೆರಗು ಕಟ್ಟಿಕೊಂಡು, ಅರೆಕಾಲುಗಳನ್ನು ಒಂದೊಂದಾಗಿ ಕೊಯ್ದಳು. ಇಪ್ಪತ್ತನಾಲ್ಕೂ ಒಂದೇ ಅಳತೆ, ನಡುವೆ ಬೆರಳಿನ ಉಗುರು ಹೋಗುವಷ್ಟೂ ಸಂದಿಲ್ಲ. ಅಷ್ಟು ಚೆಂದದ ಚಕ್ರವನ್ನು ವಾಡಿಯಲ್ಲಿ ಯಾರೂ ನೋಡಿರಲಿಲ್ಲ.

ಭಾನುವಾರ ಬೆಳಿಗ್ಗೆ ಓಣಿಯೆಲ್ಲ ಬಿಳಿ ಬಟ್ಟೆ ಉಟ್ಟು ಬಂತು. ಬಾಗಿಲಲ್ಲಿ ನಿಂತವರು ಅಬ್ಬಾ ಎಂದರು. ಮೊಬೈಲುಗಳು ಮೇಲೆದ್ದವು. ಧರ್ಮಣ್ಣನ ಎದೆ ಅರ್ಧ ಗೇಣು ಉಬ್ಬಿತು. ಮಾಸ್ತರನೂ ಹೆಂಡತಿಯನ್ನು ಕರೆದುಕೊಂಡು ಚಿತ್ತಾಪುರದಿಂದ ಬಂದಿದ್ದ. ಪೀರಮ್ಮ ಒಂದು ಮೂಲೆಯಲ್ಲಿ ಕೂತು ಬಾಗಿಲನ್ನೇ ನೋಡುತ್ತಿದ್ದಳು.

ಮೊದಲು ಒಳಗೆ ಬಂದವನು ಧರ್ಮಣ್ಣನೇ. ನಾಲ್ಕು ಹೆಜ್ಜೆ ಇಟ್ಟು, ಚಕ್ರದ ಅಂಚಿಗೆ ಬಂದು, ಸುತ್ತು ಹಾಕಿಕೊಂಡು ಮೂರ್ತಿಯ ಹತ್ತಿರ ಹೋದ. ತಾನು ಸುತ್ತು ಹಾಕಿದ್ದು ಅವನಿಗೇ ಗೊತ್ತಾಗಲಿಲ್ಲ. ಅವನ ಹಿಂದೆ ಬಂದವರೆಲ್ಲ ಹಾಗೇ ಸುತ್ತು ಹಾಕಿದರು. ಒಂದು ಕೂಸು ಚಕ್ರದ ಮೇಲೆ ಓಡಿತು. ಅದರವ್ವ ಎಳೆದು ಬೆನ್ನಿಗೊಂದು ಕೊಟ್ಟಳು. ಗಂಡಸರು ಗೋಡೆಗೆ ಒತ್ತಿಕೊಂಡು ಕೂತರು. ಹೆಂಗಸರಿಗೆ ಜಾಗ ಸಾಲದೆ ಪಡಸಾಲೆಗೆ ಹೋದರು, ಪೀರಮ್ಮನ ಐವತ್ತೆರಡು ಕಲ್ಲುಗಳ ಪಕ್ಕದಲ್ಲಿ ಮುದುಡಿ ಕೂತರು. ಹಾಲಿನ ನಟ್ಟನಡುವೆ ಹನ್ನೆರಡು ಅಡಿ ಖಾಲಿ.

ಓಣಿಯಲ್ಲಿ ಎಲ್ಲರಿಗಿಂತ ಹಿರಿಯರು ಮೂರ್ತಿಯ ಮುಂದೆ ಮೊದಲ ಮೋಂಬತ್ತಿ, ಅಂದರೆ ಮೇಣದಬತ್ತಿ, ಹಚ್ಚಬೇಕು, ಅದು ಅವರ ರೂಢಿ. ಆ ಹಿರಿಯಳು ಸುಂದರಬಾಯಿ. ಎಂಬತ್ತು ದಾಟಿದ ಮುದುಕಿ, ಎರಡೂ ಮೊಣಕಾಲು ಹೋಗಿವೆ, ಕೈಯಲ್ಲಿ ಕೋಲು. ಅವಳು ಬಾಗಿಲು ದಾಟಿ ನೆಟ್ಟಗೆ ಹೊರಟಳು. ನಾಲ್ಕೈದು ಜನ ಒಟ್ಟಿಗೆ ಕೂಗಿದರು.

"ಆಯೀ, ಅದರ ಮ್ಯಾಲ ಕಾಲಿಡಬ್ಯಾಡ! ಬಾಜೂಕ ಸರಿ! ಗ್ವಾಡಿ ಹಿಡಕೊಂಡು ಬಾ!"

ಮುದುಕಿ ನಿಂತಳು. ಗೋಡೆಯ ಕಡೆ ನೋಡಿದಳು. ಅಲ್ಲಿ ಕೂತವರ ಮಂಡಿ, ಚೀಲ, ಮಕ್ಕಳು. ಚಕ್ರದ ಕಡೆ ನೋಡಿದಳು. ಕೋಲು ಊರಿಕೊಂಡು ತಲೆ ಎತ್ತಿದಳು.

"ಯಾರಪಾ ಸರಿ ಅಂದಾಂವ?"

ಮುದುಕಿ ಕೂತವರ ಮುಖಗಳನ್ನು ಒಂದೊಂದಾಗಿ ನೋಡಿದಳು.

"ನಮ್ಮ ಊರಾಗ ದೊಡ್ಡವರ ಓಣ್ಯಾಗ ಚಪ್ಪಲಿ ಕೈಯಾಗ ಹಿಡಕೊಂಡು, ಗ್ವಾಡಿಗೆ ಆತಗೊಂಡೇ ನಡದೀನಿ. ಬಾಜೂಕ ಸರಿ ಅನ್ನೋ ಮಾತು ಕೇಳಿ ಕೇಳಿ ಕಿವಿ ತೂತಾಗ್ಯಾವ. ಇದು ನಮ್ಮ ಮನಿ ಅಂದ್ರಿ, ಬಂದೆ. ಇಲ್ಲೂ ಗ್ವಾಡಿ ಹಿಡೀಬೇಕೇನು?" ಮುದುಕಿ ಕೋಲಿನಿಂದ ಚಕ್ರ ತೋರಿಸಿದಳು. "ಚಕ್ರದ ಮ್ಯಾಲ ನಾ ಕಾಲಿಡಂಗಿಲ್ಲ. ಅದು ಬುದ್ಧಂದು, ದೊಡ್ಡದು. ಅಂಥಾದ್ದನ್ನ ಕಾಲಾಗ ಯಾಕ ಒಗದೀರಿ?"

ಧರ್ಮಣ್ಣ ತಾನು ಸುತ್ತು ಹಾಕಿ ಬಂದ ಗೋಡೆಯ ಬದಿಯನ್ನು ನೋಡಿದ. ಅವನಪ್ಪನೂ ಊರಲ್ಲಿ ಹೀಗೇ ಗೋಡೆ ಹಿಡಿದು ನಡೆದವನು.

ಪೀರಮ್ಮ ಮೂಲೆಯಿಂದ ಎದ್ದಳು. ಸೆರಗು ಬಿಗಿದು ಸೊಂಟಕ್ಕೆ ಸಿಕ್ಕಿಸಿಕೊಂಡಳು. ಚಕ್ರದ ಅಂಚಿನಲ್ಲಿ ಮಂಡಿಯೂರಿ, ಎರಡೂ ಕೈಯಿಂದ ಮುಟ್ಟಿ ಹಣೆಗೆ ಒತ್ತಿಕೊಂಡು, ಮೊದಲ ಅರೆಕಾಲಿನ ಕೆಳಗೆ ಉಳಿ ತೂರಿಸಿ ಮೇಲೆಬ್ಬಿಸಿದಳು.

"ಪೀರಮ್ಮ, ವಂದನಾ ಆಗೂದದ!" ಎಂದು ಕಮಿಟಿಯವನೊಬ್ಬ ಗದರಿದ.

"ಆಗ್ತದ. ಕುಂದ್ರಾಕ ಜಾಗ ಆದಮ್ಯಾಲ ಆಗ್ತದ."

"ಕಮಿಟಿಗೆ ಕೇಳದ—"

"ಕಮಿಟಿ ಗ್ವಾಡಿಗೆ ಆತು ಕುಂತದ ನೋಡ್ರಿ. ನಡುವ ಯಾರರೆ ಇದ್ರ ಕೇಳ್ತಿದ್ದೆ."

ಅವಳು ಎರಡನೆಯ ಅರೆಕಾಲು ಎತ್ತಿದಳು. ಮೂರನೆಯದಕ್ಕೆ ಕೈ ಹಾಕುವಾಗ ಎದುರಿಗೆ ಇನ್ನೆರಡು ಕೈ ಬಂದವು. ಮಾಸ್ತರ, ಬಿಳಿ ಅಂಗಿಯ ತೋಳು ಮೇಲೇರಿಸಿಕೊಂಡು. ತನ್ನದೇ ನಕ್ಷೆಯನ್ನು ತಾನೇ ಕೀಳುವಾಗ ಅವನ ಮುಖದಲ್ಲಿ ಬೇಸರವಿರಲಿಲ್ಲ. ಕಾಲೇಜು ಬಿಟ್ಟ ಮೇಲೆ ಅವನು ಇಷ್ಟು ಹುರುಪಿನಲ್ಲಿ ಯಾವ ಕೆಲಸವನ್ನೂ ಮಾಡಿರಲಿಲ್ಲ ಎಂದು ಅವನ ಹೆಂಡತಿ ಆಮೇಲೆ ಹೇಳಿದಳು. ಎತ್ತಿದ ಒಂದೊಂದು ತುಂಡನ್ನೂ ಮೂರ್ತಿಯ ಹಿಂದಿನ ಗೋಡೆಯ ಬುಡದಲ್ಲಿ ಜೋಪಾನವಾಗಿ ನಿಲ್ಲಿಸಿದರು. ಪಡಸಾಲೆಯ ಹೆಂಗಸರು ಹೇಳಿಸಿಕೊಳ್ಳದೆ ಎದ್ದರು. ನಂಬರು ಬರೆದ ಕಲ್ಲುಗಳು ಇಬ್ಬಿಬ್ಬರ ಕೈಯಲ್ಲಿ ಒಳಗೆ ಬಂದವು. "ಹದಿನೇಳು ತರ್ರಿ! ಮೂವತ್ತೊಂದು ಇಲ್ಲಿ ಕೊಡ್ರಿ!" ಎಂದು ಪೀರಮ್ಮ ಕೂಗುತ್ತಿದ್ದಳು. ಇಷ್ಟು ವರ್ಷ ಇನ್ನೊಬ್ಬರ ಹೆಸರಿನಲ್ಲಿ ದುಡಿದವಳ ಗಂಟಲು ಇಷ್ಟು ದೊಡ್ಡದೆಂದು ಯಾರಿಗೂ ಗೊತ್ತಿರಲಿಲ್ಲ. ಭಾಗಣ್ಣ ಬಾಗಿಲಲ್ಲಿ ನಿಂತು, ನಡುಗುವ ಕೈಯಿಂದಲೇ ಎಲ್ಲಿ ಇಳಿಸಬೇಕೆಂದು ತೋರಿಸುತ್ತಿದ್ದ.

ಒಂದು ತಾಸಿಗೆ ಮುಗಿಯಿತು. ಹಳದಿ ಪಟ್ಟೆ ಮತ್ತೆ ಬಾಗಿಲಿನಿಂದ ಹೊರಟು, ನಡುವೆ ಅಗಲವಾಗಿ, ಒಡೆದು, ಬೂದಿನಲ್ಲಿ ಕರಗಿತು. ಈ ಸಲ ಅದನ್ನು ಹೊಳೆ ಎಂದವರಿಲ್ಲ, ಹಾವು ಎಂದವರಿಲ್ಲ. ಪೀರಮ್ಮ ಮುರುಮಿನ ಧೂಳು ಒರೆಸಿ ಎದ್ದು ನಿಂತು, ಮುದುಕಿಗೆ ಹೇಳಿದಳು:

"ಬಾ ಆಯಿ. ಎಲ್ಲಿ ಬೇಕಾದ್ರ ಅಲ್ಲಿ ಕಾಲಿಡು."

ಸುಂದರಬಾಯಿ ನೆಟ್ಟಗೆ ನಡೆದಳು. ಅವಸರವಿಲ್ಲದೆ, ಒಂದು ಹೆಜ್ಜೆ, ಒಂದು ಕೋಲು. ಗೋಡೆಯ ಕಡೆ ನೋಡಲೂ ಇಲ್ಲ. ಹಾಲಿನ ನಟ್ಟನಡುವೆ ಬಂದಾಗ ಮೊಣಕಾಲು ಕೈಕೊಟ್ಟವು. ಇಬ್ಬರು ಹಿಡಿಯಲು ಓಡಿದರು. ಅವರನ್ನು ಕೋಲಿನಿಂದ ತಡೆದು, ಮೆಲ್ಲಗೆ ನೆಲಕ್ಕೆ ಕೈ ಊರಿ, ಅಲ್ಲೇ ಕೂತುಬಿಟ್ಟಳು. ಕಾಲು ಚಾಚಿಕೊಂಡು, ಅಂಗೈಯಿಂದ ಕಲ್ಲನ್ನು ಒಮ್ಮೆ ಸವರಿದಳು.

"ತಣ್ಣಗ ಅದ," ಎಂದಳು. ಆಮೇಲೆ ಮೂರ್ತಿಯ ಕಡೆ ನೋಡಿ ದನಿ ಏರಿಸಿದಳು. "ನಾ ಇಲ್ಲೇ ಕುಂದ್ರಾಕಿ. ಇನ್ನ ಏಳಂಗಿಲ್ಲ. ಮೋಂಬತ್ತಿ ಇಲ್ಲೇ ತರ್ರಿ."

ಎಲ್ಲರೂ ಧರ್ಮಣ್ಣನನ್ನು ನೋಡಿದರು. ಅವನು ಕಟ್ಟೆಯ ಮೇಲಿನ ಮೋಂಬತ್ತಿ ಎತ್ತಿಕೊಂಡ, ಬೆಂಕಿಪೆಟ್ಟಿಗೆ ಎತ್ತಿಕೊಂಡ. ಒಂದು ಕ್ಷಣ ಕಾಲು ಅಭ್ಯಾಸದಂತೆ ಗೋಡೆಯ ಕಡೆ ಹೊರಳಿತು. ಆಮೇಲೆ ಅವನು ನಡುವಿನಿಂದಲೇ, ನೆಟ್ಟಗೆ, ಮುದುಕಿಯ ಹತ್ತಿರ ನಡೆದು ಬಂದ.